ಒದೆತಕ್ಕಿಂತ ನಡಿಗೆ ಮೇಲು

ಮಾಲಾಶ್ರೀ ಅವರು ಒದೆಯುವುದಕ್ಕಿಂತ ನಡೆಯುವುದು ಚೆನ್ನ. ಅಭಿಮಾನಿಗಳು ಮುನಿಸಿಕೊಳ್ಳುವ ಮೊದಲೇ ಹೇಳಿಬಿಡುತ್ತೇನೆ, ಇದು ಹೊಗಳಿಕೆ. ಜೀಪಿನಿಂದ ಇಳಿದು, ಬೆಲ್ಟು ಸರಿಮಾಡಿಕೊಂಡು, ಎದುರಿಗೆ ನಿಂತ ರೌಡಿಗಳ ಕಡೆಗೆ ಅವರು ನಡೆದುಬರುವ ಎಂಟು ಹತ್ತು ಹೆಜ್ಜೆಗಳಲ್ಲೇ ಫೈಟು ಮುಗಿದಿರುತ್ತದೆ. ಭುಜ ಅಲುಗುವುದಿಲ್ಲ, ತಲೆ ಒಂಚೂರು ಬಾಗಿರುತ್ತದೆ, ಕಣ್ಣು ಮಾತ್ರ ಎದುರಾಳಿಯನ್ನು ಅಳೆಯುತ್ತಿರುತ್ತದೆ. ಆಮೇಲಿನ ಗುದ್ದು, ಪಲ್ಟಿ, ಪುಡಿಪುಡಿಯಾಗುವ ಗಾಜು, ತರಕಾರಿ ಗಾಡಿಯ ಮೇಲೆ ಬಂದು ಬೀಳುವ ದಾಂಡಿಗರು, ಇದರಲ್ಲಿ ಅರ್ಧ ಸಾಹಸ ನಿರ್ದೇಶಕರದು, ಇನ್ನರ್ಧ ಸಂಕಲನಕಾರರದು. ಆ ನಡಿಗೆ ಮಾತ್ರ ಅವರೊಬ್ಬರದೇ.

ಹೊಡೆದಾಟವನ್ನೇ ನೆಚ್ಚಿ ದಶಕಗಟ್ಟಲೆ ಚಿತ್ರ ನಡೆಸಿದ ನಾಯಕಿ ಕನ್ನಡದಲ್ಲಿ ಯಾರು ಅಂದರೆ ಹೇಳಲು ಇನ್ನೊಂದು ಹೆಸರು ಸುಲಭಕ್ಕೆ ಸಿಗುವುದಿಲ್ಲ. ಒಂದೆರಡು ಚಿತ್ರದಲ್ಲಿ ಕತ್ತಿ ಹಿಡಿದವರಿದ್ದಾರೆ. ಬಿ. ಸರೋಜಾದೇವಿಯವರ ‘ಕಿತ್ತೂರು ಚೆನ್ನಮ್ಮ’ (1961) ಇದೆ. ಆದರೆ ಪೋಸ್ಟರಿನಲ್ಲಿ ಒಬ್ಬ ಹೆಂಗಸು ಮುಷ್ಟಿ ಬಿಗಿದು ನಿಂತರೆ ಸಾಕು, ಟಿಕೆಟ್ ಹರಿಯುತ್ತದೆ ಎಂಬ ನಂಬಿಕೆಯನ್ನು ವಿತರಕರಲ್ಲಿ ಹುಟ್ಟಿಸಿದವರು ಮಾಲಾಶ್ರೀ. ಅಷ್ಟು ದೊಡ್ಡ ನಂಬಿಕೆ ಇಟ್ಟುಕೊಂಡ ಚಿತ್ರರಂಗ ಅವರ ಮೈಗೆ ಏನು ಕಲಿಸಿತು, ಏನನ್ನು ಅದರಿಂದ ಕಸಿದುಕೊಂಡಿತು ಅನ್ನುವುದು ನನ್ನ ತಕರಾರು.

ಹುಟ್ಟು ಹೆಸರು ಶ್ರೀದುರ್ಗಾ. ಬೆಳೆದದ್ದು ಮದ್ರಾಸಿನಲ್ಲಿ. ತಮಿಳು, ತೆಲುಗು ಚಿತ್ರಗಳಲ್ಲಿ ಬಾಲನಟಿಯಾಗಿದ್ದಾಗ ಅವರಿಗೆ ಸಿಗುತ್ತಿದ್ದದ್ದು ಹೆಚ್ಚಾಗಿ ಗಂಡುಹುಡುಗರ ಪಾತ್ರ. ಇದನ್ನು ಸಂದರ್ಶನಗಳಲ್ಲಿ ತಮಾಷೆಯ ಸಂಗತಿಯಾಗಿ ಹೇಳಿ ದಾಟುತ್ತಾರೆ. ನನಗೇನೋ ಅವರ ನಟನೆಯ ಬೀಗದ ಕೈ ಅಲ್ಲೇ ಇದೆ ಅನ್ನಿಸುತ್ತದೆ. ಲಂಗ ಹಿಡಿದು ಓಡುವ, ತಲೆ ತಗ್ಗಿಸಿ ನಿಲ್ಲುವ ಅಭ್ಯಾಸ ಮೈಗಂಟುವ ವಯಸ್ಸಿನಲ್ಲಿ ಅವರು ಚಡ್ಡಿ ತೊಟ್ಟು ಕಾಲು ಅಗಲಿಸಿ ನಿಂತರು. ಗಂಡಿನ ಹಾಗೆ ನಡೆಯುವುದನ್ನು ದೊಡ್ಡವರಾದ ಮೇಲೆ ಕಲಿತ ನಟಿಯರ ಮೈಯಲ್ಲಿ ಒಂದು ಅಣಕ ಉಳಿದಿರುತ್ತದೆ. ಇವರಲ್ಲಿ ಅದಿಲ್ಲ.

ಪಾರ್ವತಮ್ಮ ರಾಜ್‌ಕುಮಾರ್ ಈ ಹುಡುಗಿಗೆ ಮಾಲಾಶ್ರೀ ಎಂದು ಹೆಸರಿಟ್ಟು 1989ರಲ್ಲಿ ‘ನಂಜುಂಡಿ ಕಲ್ಯಾಣ’ಕ್ಕೆ ಕರೆತಂದರು. ಶ್ರೀಕಂಠೇಶ್ವರನ ಒಕ್ಕಲಾದ ನಮ್ಮ ಕಡೆಯವರಿಗೆ, ನಂಜನಗೂಡಿನಿಂದ ತಿ. ನರಸೀಪುರದವರೆಗೆ ಮನೆಗೊಬ್ಬ ನಂಜುಂಡ, ನಂಜಮ್ಮ ಇರುವವರಿಗೆ, ಆ ಶೀರ್ಷಿಕೆಯೇ ನೆಂಟರ ಮನೆಯ ಲಗ್ನಪತ್ರಿಕೆಯಂತೆ ಕಂಡಿತ್ತು. ಎಂ.ಎಸ್. ರಾಜಶೇಖರ್ ನಿರ್ದೇಶನ, ಉಪೇಂದ್ರಕುಮಾರ್ ಸಂಗೀತ, ನಾಯಕ ರಾಘವೇಂದ್ರ ರಾಜ್‌ಕುಮಾರ್. ಕತೆಯ ಮೂಲ ಪರ್ವತವಾಣಿಯವರ ‘ಬಹದ್ದೂರ್ ಗಂಡ’ ನಾಟಕ. ಅದರ ಮೂಲ ಷೇಕ್ಸ್‌ಪಿಯರ್‌ನ ‘ದಿ ಟೇಮಿಂಗ್ ಆಫ್ ದಿ ಶ್ರೂ’. ಅಂದರೆ ನಾನೂರು ವರ್ಷಗಳಿಂದ ಗಂಡಸರು ನೋಡಿ ನಕ್ಕ ಕತೆ: ಬಾಯಿ ಜೋರಿನ ಹೆಣ್ಣು, ಅವಳನ್ನು ಪಳಗಿಸುವ ಗಂಡು.

ಕನ್ನಡಕ್ಕೆ ಈ ಸರಕು ಹೊಸದೇನಲ್ಲ. ಧುತ್ತರಗಿಯವರ ನಾಟಕದಿಂದ ಬಂದ ‘ಸಂಪತ್ತಿಗೆ ಸವಾಲ್’ನಲ್ಲಿ (1974) ಮಂಜುಳಾ ಸೊಕ್ಕಿನ ಹುಡುಗಿ, ‘ಬಹದ್ದೂರ್ ಗಂಡು’ವಿನಲ್ಲಿ (1976) ಜಯಂತಿ ಸೊಕ್ಕಿನ ರಾಜಕುಮಾರಿ. ಎರಡರಲ್ಲೂ ಅವರ ಸೊಕ್ಕು ಮುರಿಯುವುದೇ ಚಿತ್ರದ ಓಟ. ಆದರೆ ‘ನಂಜುಂಡಿ ಕಲ್ಯಾಣ’ದಲ್ಲಿ ನಿರ್ಮಾಪಕರೂ ಎಣಿಸದ ಒಂದು ಎಡವಟ್ಟಾಯಿತು. ಕತೆ ಅವಳನ್ನು ಪಳಗಿಸಿತು, ಪ್ರೇಕ್ಷಕರು ಪಳಗದ ಅವಳನ್ನೇ ಇಟ್ಟುಕೊಂಡರು. ಮಂಜುಳಾ ಗುರುರಾಜ್ ಹಾಡಿದ ಆ ಗುಂಡಿನ ಹಾಡಿನಲ್ಲಿ ತೂರಾಡುವ ನಾಯಕಿ ದೇವಿಯನ್ನು ನೆನಪಿಟ್ಟುಕೊಂಡವರು ಸಾವಿರ. ಕೊನೆಯಲ್ಲಿ ಗೃಹಿಣಿಯಾದ ದೇವಿ ಏನು ಮಾತಾಡಿದಳು ಅಂತ ಕೇಳಿನೋಡಿ, ಯಾರಿಗೂ ನೆನಪಿರುವುದಿಲ್ಲ. ಆ ಹಾಡಿನಲ್ಲಿ ಅವರ ಕಾಲನ್ನು ಗಮನಿಸಬೇಕು. ಕುಡುಕರ ಪಾತ್ರ ಮಾಡುವ ನಟರು ಸಾಮಾನ್ಯವಾಗಿ ತಲೆ ಕೈ ಆಡಿಸಿ ತೂರಾಡುತ್ತಾರೆ. ಮಾಲಾಶ್ರೀ ಸೊಂಟದಿಂದ ಕೆಳಗೆ ತೂಕ ಬಿಟ್ಟು, ಬಿದ್ದೇ ಹೋದರು ಅನ್ನುವ ಕ್ಷಣದಲ್ಲಿ ತಾಳಕ್ಕೆ ಸರಿಯಾಗಿ ಎದ್ದು ನಿಲ್ಲುತ್ತಾರೆ. ಬೀಳುವ ಮೈಯನ್ನು ಹೀಗೆ ಹಿಡಿದು ನಿಲ್ಲಿಸುವುದೇ ಯಾವುದೇ ಕಾದಾಟದ ಮೊದಲ ಪಾಠ. ಹಾಂಗ್‌ಕಾಂಗಿನಲ್ಲಾಗಿದ್ದರೆ ಇದನ್ನು ಕಂಡ ಸಾಹಸ ನಿರ್ದೇಶಕ ಮರುದಿನವೇ ಆ ಹುಡುಗಿಯನ್ನು ಅಖಾಡಕ್ಕೆ ಎಳೆದುಕೊಂಡು ಹೋಗುತ್ತಿದ್ದ. ನಮ್ಮಲ್ಲಿ ಇನ್ನೊಂದು ಹಾಡು ಇಟ್ಟರು.

ಆಮೇಲಿನ ಎರಡು ಮೂರು ವರ್ಷ ಮಾಲಾಶ್ರೀ ಅವರದೇ ಕಾಲ. ‘ಗಜಪತಿ ಗರ್ವಭಂಗ’, ‘ರಾಣಿ ಮಹಾರಾಣಿ’, ‘ರಾಮಾಚಾರಿ’, ‘ಬೆಳ್ಳಿ ಕಾಲುಂಗುರ’, ‘ಕನಸಿನ ರಾಣಿ’. ಕೊನೆಯದು ಅವರಿಗೆ ಬಿರುದೇ ಆಗಿಬಿಟ್ಟಿತು. ಇವುಗಳಲ್ಲಿ ಎಷ್ಟೋ ಚಿತ್ರಗಳು ಇವತ್ತು ಕೂತು ನೋಡಲು ಕಷ್ಟ, ಆತುರದಲ್ಲಿ ಬೇಯಿಸಿದವು. ನಾನು ಎತ್ತಿಡುವುದು 1990ರ ‘ರಾಣಿ ಮಹಾರಾಣಿ’ಯನ್ನು. ದ್ವಿಪಾತ್ರ: ಒಬ್ಬಳು ಅಂಜುಬುರುಕಿ, ಇನ್ನೊಬ್ಬಳು ಗಂಡುಬೀರಿ. ಎರಡು ವೇಷ, ಎರಡು ಜಡೆ ಯಾರು ಬೇಕಾದರೂ ಹಾಕಿಕೊಳ್ಳಬಹುದು. ಇವರು ಎರಡು ಬೆನ್ನು ತೋರಿಸುತ್ತಾರೆ. ಒಬ್ಬಳ ಬೆನ್ನು ಹೊಡೆತ ಬೀಳುತ್ತದೆಂದು ಮೊದಲೇ ಮುದುಡಿರುತ್ತದೆ. ಇನ್ನೊಬ್ಬಳ ಬೆನ್ನಿಗೆ ಹೊಡೆತ ಅಂದರೇನೆಂದೇ ಗೊತ್ತಿಲ್ಲ. ಆ ಗಂಡುಬೀರಿ ಕೈ ಎತ್ತಿದಾಗ ನಗುವೂ ಬರುತ್ತದೆ, ಏಟೂ ಬೀಳುತ್ತದೆ. ಹಾಸ್ಯ, ಹೊಡೆದಾಟ ಒಂದೇ ಮೈಯಿಂದ ಹುಟ್ಟುವ ಈ ಗುಣ ಜಾಕಿ ಚಾನ್‌ನಂಥವರಿಗೆ ದೊಡ್ಡ ಹೆಸರು ತಂದುಕೊಟ್ಟಿತು. ನಮ್ಮವರು ಅದನ್ನು ಚಿಲ್ಲರೆ ಲೆಕ್ಕದಲ್ಲಿ ಖರ್ಚು ಮಾಡಿದರು.

1990ರಲ್ಲಿ ‘ಪೊಲೀಸನ ಹೆಂಡ್ತಿ’, 1991ರಲ್ಲಿ ‘ಎಸ್.ಪಿ. ಭಾರ್ಗವಿ’. ಒಂದೇ ವರ್ಷದಲ್ಲಿ ಪೊಲೀಸಿನವನ ಹೆಂಡತಿಯಿಂದ ತಾನೇ ಪೊಲೀಸಾಗುವವರೆಗಿನ ಈ ಬಡ್ತಿಗೆ ಕಾರಣ ಹುಡುಕಲು ದೂರ ಹೋಗಬೇಕಿಲ್ಲ. ಪಕ್ಕದ ತೆಲುಗಿನಲ್ಲಿ ವಿಜಯಶಾಂತಿ ‘ಕರ್ತವ್ಯಂ’ (1990) ಮಾಡಿ ರಾಷ್ಟ್ರಪ್ರಶಸ್ತಿ ಪಡೆದಿದ್ದರು. ಆ ಪಾತ್ರದ ಹಿಂದಿದ್ದವರು ಕಿರಣ್ ಬೇಡಿ. ಖಾಕಿ ತೊಟ್ಟ ಹೆಂಗಸು ಹೊಡೆದರೆ ಯಾರೂ ಅಡ್ಡಿ ಹೇಳುವುದಿಲ್ಲ, ಏಕೆಂದರೆ ಹೊಡೆಯುವುದು ಅವಳಲ್ಲ, ಸರ್ಕಾರ. ಗಂಡುಬೀರಿಯನ್ನು ಪಳಗಿಸಲೇಬೇಕಿತ್ತು, ಎಸ್.ಪಿ.ಯನ್ನು ಪಳಗಿಸುವ ಹಾಗಿಲ್ಲ. ಇದು ಲಾಭ, ಒಪ್ಪುತ್ತೇನೆ. ಕೊನೆಯ ರೀಲಿನಲ್ಲಿ ಗಂಡನ ಕಾಲಿಗೆ ಬೀಳುವ ಸಂಕಟದಿಂದ ಮಾಲಾಶ್ರೀ ಪಾತ್ರಗಳು ಪಾರಾದದ್ದು ಯೂನಿಫಾರಂ ದಯೆಯಿಂದ. ಆದರೆ ಆ ಯೂನಿಫಾರಂ ಒಳಗೆ ಗುಂಡಿನ ಹಾಡಿನ ಹುಡುಗಿಗೆ ಜಾಗವಿರಲಿಲ್ಲ. ನಗು ನಿಂತಿತು. ಹುಬ್ಬು ಗಂಟಿಕ್ಕಿದ್ದು ಬಿಚ್ಚಲೇ ಇಲ್ಲ. ಮೈ ಬಿಗಿಯಾಯಿತು. ಬಿಗಿಯಾದ ಮೈಯನ್ನು ಮರೆಮಾಚಲು ಕ್ಯಾಮೆರಾ ಕೆಳಗಿನಿಂದ ನೋಡತೊಡಗಿತು, ಸಂಕಲನಕಾರರ ಕತ್ತರಿ ಓಡತೊಡಗಿತು.

ಹೊರಗಿನ ಉದಾಹರಣೆ ಇಲ್ಲಿ ಬೇಕು. 1966ರಲ್ಲಿ ಹಾಂಗ್‌ಕಾಂಗಿನ ಶಾ ಬ್ರದರ್ಸ್‌ಗಾಗಿ ಕಿಂಗ್ ಹೂ ಮಾಡಿದ ‘ಕಮ್ ಡ್ರಿಂಕ್ ವಿತ್ ಮಿ’ ಚಿತ್ರದಲ್ಲಿ ಚೆಂಗ್ ಪೇ ಪೇ ಗಂಡುವೇಷದಲ್ಲಿ ಒಂದು ಛತ್ರದ ಹೋಟೆಲಿಗೆ ಬರುತ್ತಾಳೆ. ಒತ್ತೆಯಾಳಾಗಿರುವ ಅಣ್ಣನನ್ನು ಬಿಡಿಸಿಕೊಳ್ಳಬೇಕು. ಸುತ್ತ ಡಕಾಯಿತರು. ಬಹಳ ಹೊತ್ತು ಅವಳು ಕೂತೇ ಇರುತ್ತಾಳೆ. ಅವರು ಕೆಣಕುತ್ತಾರೆ, ಕೈಗೆ ಸಿಕ್ಕಿದ್ದು ಎಸೆಯುತ್ತಾರೆ, ಅವಳು ಕೂತಲ್ಲಿಂದಲೇ ತಡೆಯುತ್ತಾಳೆ. ಕತ್ತಿ ಒರೆಯಿಂದ ಈಚೆ ಬರುವ ಹೊತ್ತಿಗೆ ಅವಳ ಕೈಚಳಕ ನಮಗೆ ಮನವರಿಕೆಯಾಗಿರುತ್ತದೆ. ಚೆಂಗ್ ಪೇ ಪೇ ಬ್ಯಾಲೆ ಕಲಿತವರು. ಕಿಂಗ್ ಹೂ ಪೀಕಿಂಗ್ ಆಪೆರಾದ ತಾಳಗತಿಯನ್ನು ಹೊಡೆದಾಟಕ್ಕೆ ತಂದವರು. ಅವಳ ಮೈಗೆ ಏನು ಬರುತ್ತದೋ ಅದಕ್ಕೆ ತಕ್ಕ ಕಾಳಗವನ್ನು ಅವರು ಹೆಣೆದರು. ‘ಹಾಪ್‌ಕಿಡೊ’ (1972) ಚಿತ್ರದ ಆಂಜೆಲಾ ಮಾವೊ ಎಳೆಯ ವಯಸ್ಸಿನಿಂದಲೇ ಆಪೆರಾ ಶಾಲೆಯಲ್ಲಿ ಮೈ ಬಗ್ಗಿಸಿದವರು. ಹಾಗೆಂದು ಅಲ್ಲೇನು ಸ್ವರ್ಗವಿರಲಿಲ್ಲ ಬಿಡಿ. ‘ಕಮ್ ಡ್ರಿಂಕ್ ವಿತ್ ಮಿ’ಯ ದ್ವಿತೀಯಾರ್ಧದಲ್ಲಿ ವಿಷದ ಬಾಣ ತಗುಲಿದ ಮೇಲೆ ಅವಳನ್ನು ಬದಿಗೆ ಸರಿಸಿ ಕೊನೆಯ ಕಾಳಗವನ್ನು ಗಂಡಸಿಗೇ ಕೊಡುತ್ತಾರೆ. ‘ಎಂಟರ್ ದಿ ಡ್ರ್ಯಾಗನ್’ನಲ್ಲಿ (1973) ಆಂಜೆಲಾ ಮಾವೊಗೆ ಸಿಕ್ಕಿದ್ದು ಬ್ರೂಸ್ ಲೀಯ ಸತ್ತ ತಂಗಿಯ ಪಾತ್ರ, ಕೆಲವೇ ನಿಮಿಷ. ಆದರೂ ಆ ಕೆಲವು ನಿಮಿಷದಲ್ಲಿ ಓಣಿಯ ಗೋಡೆಗೆ ಬೆನ್ನು ಕೊಟ್ಟು ಅವರು ಒದೆಯುವುದು ನಿಜವಾಗಿಯೂ ಅವರ ಕಾಲು, ಅವರ ಉಸಿರು.

ಅಲ್ಲಿ ಆಪೆರಾ ಇತ್ತು, ನಮ್ಮಲ್ಲಿ ಏನಿತ್ತು ಎಂದು ಕೇಳುವವರನ್ನು ಮೈಸೂರು ಸೀಮೆಯಲ್ಲಿ ಒಂದು ಸುತ್ತು ಹಾಕಿಸಬೇಕು. ವಿಜಯದಶಮಿಯ ಬೆಳಿಗ್ಗೆ ಅರಮನೆಯಲ್ಲಿ ಜಟ್ಟಿಗಳ ವಜ್ರಮುಷ್ಟಿ ಕಾಳಗ, ಮೊದಲ ಹನಿ ರಕ್ತ ಕಂಡ ಕೂಡಲೇ ಮುಗಿಯುವಂಥದ್ದು. ಓಣಿಗೊಂದು ಗರಡಿಮನೆ, ಕೆಂಪುಮಣ್ಣು. ಇತ್ತ ನಂಜನಗೂಡು, ತಿ. ನರಸೀಪುರ, ಚಾಮರಾಜನಗರದ ಹಳ್ಳಿಗಳಲ್ಲಿ ಮಲೆ ಮಾದಪ್ಪನ ದೇವರಗುಡ್ಡರ ಬೀಸು ಕಂಸಾಳೆ. ಇದನ್ನು ಭಕ್ತಿಯ ಕುಣಿತವೆಂದಷ್ಟೇ ನೋಡಿದವರು ಅರ್ಧ ನೋಡಿದಂತೆ. ಎಡಗೈಯಲ್ಲಿ ಕಂಚಿನ ಬಟ್ಟಲು, ಬಲಗೈಯಲ್ಲಿ ದಾರಕ್ಕೆ ಕಟ್ಟಿದ ತಾಳ. ಆ ತಾಳವನ್ನು ತಲೆಯ ಮೇಲಿನಿಂದ, ಬೆನ್ನ ಹಿಂದಿನಿಂದ, ಮೊಣಕಾಲ ಕೆಳಗಿನಿಂದ ಬೀಸಿ ಸರಿಯಾದ ಪೆಟ್ಟಿಗೆ ಬಟ್ಟಲಿಗೆ ತಂದು ಬಡಿಯಬೇಕು. ಪಕ್ಕದವನೂ ಬೀಸುತ್ತಿರುತ್ತಾನೆ. ಒಂದು ಗೇಣು ತಪ್ಪಿದರೆ ಅವನ ಹಲ್ಲು ಹೋಗುತ್ತದೆ. ಬಗ್ಗಿದವನು ಬಗ್ಗಿದ ಹಾಗೇ ತಿರುಗಬೇಕು, ಮಲಗಿದವನು ಮಲಗಿದಲ್ಲೇ ಬಡಿಯಬೇಕು. ದೂರ, ತಾಳ, ಎದುರಾಳಿಯ ಉಸಿರು, ಕಾದಾಟಕ್ಕೆ ಬೇಕಾದ್ದೆಲ್ಲ ಅದರಲ್ಲಿದೆ.

ಈ ಆಸ್ತಿ ಸಿನಿಮಾಕ್ಕೆ ಬರಲೇ ಇಲ್ಲವೆಂದಲ್ಲ. ‘ರಣಧೀರ ಕಂಠೀರವ’ದಲ್ಲಿ (1960) ರಾಜ್‌ಕುಮಾರ್ ಕುಸ್ತಿಗಿಳಿದರು. ಗಿರೀಶ ಕಾರ್ನಾಡರ ‘ಒಂದಾನೊಂದು ಕಾಲದಲ್ಲಿ’ (1978) ಚಿತ್ರದ ಶಂಕರ್‌ನಾಗ್, ಸುಂದರಕೃಷ್ಣ ಅರಸ್ ಅವರ ಕತ್ತಿಗಳಿಗೆ ಕುರೊಸಾವಾನ ಋಣವೂ ಇತ್ತು, ಈ ನೆಲದ ತೂಕವೂ ಇತ್ತು. ‘ಜನುಮದ ಜೋಡಿ’ಯಲ್ಲಿ (1996) ಕಂಸಾಳೆ ಬಂದು ಊರೂರೇ ಕುಣಿಯಿತು. ಎಲ್ಲ ಸಲವೂ ಗಂಡಸರ ಕೈಗೇ. ಗರಡಿಯ ಹೊಸ್ತಿಲು ಹೆಂಗಸರಿಗೆ ಅಡ್ಡವಾಗಿದ್ದ ಕಾಲ ಅದು. ಈಗ ದಸರಾ ಕುಸ್ತಿಯಲ್ಲಿ ಹೆಣ್ಣುಮಕ್ಕಳು ಅಖಾಡಕ್ಕಿಳಿಯುತ್ತಾರೆ, ಕಂಸಾಳೆ ಹಿಡಿದ ಹುಡುಗಿಯರ ತಂಡಗಳೂ ಇವೆ. 1990ರಲ್ಲಿ ಸಿನಿಮಾ ಮನಸ್ಸು ಮಾಡಿದ್ದರೆ ಸಮಾಜಕ್ಕಿಂತ ಒಂದು ಹೆಜ್ಜೆ ಮುಂದೆ ಹೋಗಬಹುದಿತ್ತು, ಜೊತೆಗೆ ಅದಕ್ಕೆ ಒಪ್ಪುವ ಮೈಯೊಂದು ಕೈಯಲ್ಲೇ ಇತ್ತು. ಬದಲಿಗೆ ಮಾಲಾಶ್ರೀ ಅವರಿಗೆ ಕೊಟ್ಟದ್ದು ಕರಾಟೆಯ ಎರಡು ಪಟ್ಟು, ಒಂದು ರೋಪು, ಮೂರು ಕೋನದಲ್ಲಿ ಕ್ಯಾಮೆರಾ.

ಹೆಣ್ಣಿನ ಕಾಳಗ ಹೇಗಿರಬೇಕೆಂದು ಕನ್ನಡ ಸಿನಿಮಾಕ್ಕೆ ಗೊತ್ತೇ ಇರಲಿಲ್ಲ ಅನ್ನೋಣವೆಂದರೆ ಅದೂ ಸುಳ್ಳು. ಮಾಲಾಶ್ರೀ ಬರುವ ಹದಿನೇಳು ವರ್ಷ ಮೊದಲೇ, 1972ರ ‘ನಾಗರಹಾವು’ ಚಿತ್ರದಲ್ಲಿ ಪುಟ್ಟಣ್ಣ ಕಣಗಾಲ್ ಓಬವ್ವನ ಪಾತ್ರದ ಜಯಂತಿಯವರ ಕೈಗೆ ಒನಕೆ ಕೊಟ್ಟಿದ್ದರು. ಪೂರ್ತಿ ಪ್ರಸಂಗ ಒಂದು ಹಾಡಿನಷ್ಟೇ ಉದ್ದ. ಗಂಡ ಊಟಕ್ಕೆ ಕೂತಿದ್ದಾನೆ. ಕಿಂಡಿಯಲ್ಲಿ ಹೈದರನ ಸೈನಿಕ ತಲೆ ತೂರಿಸುತ್ತಾನೆ. ಓಬವ್ವ ಗಾಳಿಯಲ್ಲಿ ಹಾರುವುದಿಲ್ಲ, ಕಾಲೆತ್ತಿ ಒದೆಯುವುದಿಲ್ಲ. ಅವಳಿಗೆ ಬರುವುದು ಒಂದೇ ಚಲನೆ, ಕುಟ್ಟುವುದು. ಎತ್ತು, ಹೊಡೆ, ಹೆಣ ಎಳೆದು ಪಕ್ಕಕ್ಕೆ ಹಾಕು, ಸೆರಗು ಬಿಗಿ, ಮತ್ತೆ ಕಿಂಡಿಯ ಪಕ್ಕ ನಿಲ್ಲು. ಹೆಣ ಎಳೆಯುವ ಆ ಶ್ರಮವೇ ಆ ದೃಶ್ಯದ ಜೀವ. ಒನಕೆ ಹಿಡಿದು ಭತ್ತ ರಾಗಿ ಕುಟ್ಟಿದ ಹೆಂಗಸರು ಟೆಂಟಿನಲ್ಲಿ ಕೂತು ಅದನ್ನು ನೋಡಿದರು. ರಟ್ಟೆ ಎಷ್ಟನೆಯ ಏಟಿಗೆ ಸೋಲುತ್ತದೆ ಅನ್ನುವುದು ಅವರಿಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ಜಯಂತಿಯವರ ಕಣ್ಣಲ್ಲಿ ಮೊದಲು ಗಾಬರಿ, ಆಮೇಲೆ ಆವೇಶ, ನಡುವೆ ದಣಿವು. ಮಾಲಾಶ್ರೀ ಅವರ ಅಷ್ಟೂ ಫೈಟುಗಳನ್ನು ಒಂದು ತಕ್ಕಡಿಗೆ ಹಾಕಿದರೂ ಈ ಒಂದು ಹಾಡಿನ ತಟ್ಟೆಯೇ ಕೆಳಗಿಳಿಯುತ್ತದೆ. ತಪ್ಪು ಮಾಲಾಶ್ರೀ ಅವರದಲ್ಲ, ಅವರಿಗೊಬ್ಬ ಪುಟ್ಟಣ್ಣ ಸಿಗಲಿಲ್ಲ. (ಅದೇ ಜಯಂತಿಯವರನ್ನು ನಾಲ್ಕೇ ವರ್ಷದಲ್ಲಿ ‘ಬಹದ್ದೂರ್ ಗಂಡು’ವಿಗೆ ಒಯ್ದು ಪಳಗಿಸಿದ್ದನ್ನೂ ಮರೆಯುವ ಹಾಗಿಲ್ಲ.)

ಮಾಲಾಶ್ರೀ ಅವರ ಎರಡನೇ ಇನಿಂಗ್ಸಿಗೆ ಬರೋಣ. ‘ಚಾಮುಂಡಿ’ (2000), ‘ದುರ್ಗಿ’ (2004), ‘ಕನ್ನಡದ ಕಿರಣ್ ಬೇಡಿ’ (2009), ‘ಶಕ್ತಿ’ (2012), ‘ವೀರ’ (2013), ‘ಗಂಗಾ’ (2015). ಹೆಸರುಗಳನ್ನೇ ನೋಡಿ, ದೇವಿ ಮಹಾತ್ಮೆಯ ಪಾರಾಯಣದಂತಿದೆ. ಮಹಿಷನನ್ನು ಕೊಂದವಳ ಬೆಟ್ಟವನ್ನು ದಿನಾ ನೋಡುವ ನಮಗೆ ಈ ರೂಪಕ ಸುಲಭಕ್ಕೆ ಹಿಡಿಸುತ್ತದೆ. ಅದರಲ್ಲೇ ತೊಡಕಿರುವುದು. ದೇವಿಗೆ ದಣಿವಿಲ್ಲ, ಭಯವಿಲ್ಲ, ಸೋಲಿನ ಸಾಧ್ಯತೆಯೇ ಇಲ್ಲ. ಸೋಲಬಹುದಾದವಳು ಗೆದ್ದರೆ ಅದು ಕಾಳಗ. ಗೆಲ್ಲಲೆಂದೇ ಬಂದವಳು ಗೆದ್ದರೆ ಅದು ಉತ್ಸವ. ಪಿ. ರವಿಶಂಕರ್ ನಿರ್ದೇಶಿಸಿದ ‘ದುರ್ಗಿ’ ಈ ಪೈಕಿ ತಕ್ಕಮಟ್ಟಿಗೆ ಉಸಿರಾಡುತ್ತದೆ. ಆಶಿಶ್ ವಿದ್ಯಾರ್ಥಿ, ಕಲಾಭವನ್ ಮಣಿಯಂಥ ಎದುರಾಳಿಗಳಿರುವುದರಿಂದ ಅವಳ ಕೋಪಕ್ಕೆ ಬಡಿದುಕೊಳ್ಳಲು ಒಂದು ಬಂಡೆ ಇದೆ. ಓಂಪ್ರಕಾಶ್ ರಾವ್ ಅವರ ‘ಕನ್ನಡದ ಕಿರಣ್ ಬೇಡಿ’ಯಲ್ಲಿ ಸದ್ದೇ ಜಾಸ್ತಿ. ಒಂದೊಂದು ಏಟಿಗೂ ಸಿಡಿಲಿನ ಶಬ್ದ ಸೇರಿಸಿ, ಏಟು ಬಿತ್ತೋ ಇಲ್ಲವೋ ನೋಡುವ ವ್ಯವಧಾನವನ್ನೇ ಕೊಡುವುದಿಲ್ಲ. ಸಂಭಾಷಣೆಗಳಂತೂ ವಿಧಾನಸಭೆಯ ಶೂನ್ಯವೇಳೆ.

ಆದರೂ ಈ ಘಟ್ಟವನ್ನು ತಳ್ಳಿಹಾಕಲು ಮನಸ್ಸು ಬರುವುದಿಲ್ಲ. ಮೂವತ್ತು ದಾಟಿದ ನಾಯಕಿಗೆ ಅತ್ತಿಗೆಯ ಪಾತ್ರ, ಮೂವತ್ತೈದಕ್ಕೆ ಅಮ್ಮನ ಪಾತ್ರ ಸಿದ್ಧವಾಗಿರುವ ಉದ್ಯಮದಲ್ಲಿ, ಎರಡು ಮಕ್ಕಳ ತಾಯಿಯೊಬ್ಬರು ಬೂಟು ಕಟ್ಟಿಕೊಂಡು ಲಾರಿಯ ಮೇಲಿಂದ ಜಿಗಿದರು. ಅವರ ಪತಿ, ‘ಕೋಟಿ’ ರಾಮು ಎಂದೇ ಹೆಸರಾದ ನಿರ್ಮಾಪಕರು, ದೊಡ್ಡ ಹೀರೋಗಳಿಗೆ ಹಾಕುವಂಥ ದುಡ್ಡನ್ನು ಈ ಚಿತ್ರಗಳಿಗೂ ಸುರಿದರು. 2021ರಲ್ಲಿ ಕೋವಿಡ್ ಅವರನ್ನು ಒಯ್ದ ಮೇಲೆ ಆ ಧೈರ್ಯ ಮಾಡುವ ಇನ್ನೊಬ್ಬರು ಮುಂದೆ ಬಂದದ್ದು ಕಾಣೆ. ನಂಜನಗೂಡು ಕಡೆಯ ತಾಂಡ್ಯದ ಕಾರ್ಖಾನೆಗಳಲ್ಲಿ ಪಾಳಿ ಮುಗಿಸಿ ಬಸ್ ಹತ್ತುವ ಹೆಂಗಸರಲ್ಲಿ ಕೆಲವರು ಮೊಬೈಲಿನಲ್ಲಿ ಈ ಚಿತ್ರಗಳ ತುಣುಕುಗಳನ್ನು ಇವತ್ತಿಗೂ ನೋಡುತ್ತಾರೆ. ಬಗ್ಗಿ ನೋಡಿದ್ದೇನೆ. ಒದೆತ ಬಂದಾಗ ಬೆರಳು ಮುಂದಿನ ತುಣುಕಿಗೆ ಸರಿಯುತ್ತದೆ, ಆಕೆ ಮೇಜಿನ ಮೇಲೆ ಲಾಠಿ ಇಟ್ಟು ಯಾವನೋ ಎಮ್ಮೆಲ್ಲೆಯನ್ನು ದಿಟ್ಟಿಸುವಲ್ಲಿ ನಿಲ್ಲುತ್ತದೆ. ಸೂಪರ್‌ವೈಸರ್ ಮುಂದೆ ನಾಳೆ ಹೇಗೆ ನಿಲ್ಲಬೇಕು ಅನ್ನುವುದಕ್ಕೆ ಪಲ್ಟಿಯಿಂದ ಏನೂ ಉಪಯೋಗವಿಲ್ಲ, ಆ ದಿಟ್ಟಿಯಿಂದ ಇದೆ.

ಮಾಲಾಶ್ರೀ ಅವರ ಮಗಳು ಆರಾಧನಾ 2023ರ ‘ಕಾಟೇರ’ದಲ್ಲಿ ಬಂದಿದ್ದಾರೆ. ಚಿತ್ರ ದರ್ಶನ್ ಅವರದು, ಮಚ್ಚೂ ಅವರದೇ. ಒಂದೇ ಚಿತ್ರಕ್ಕೆ ಏನೂ ತೀರ್ಮಾನ ಹೇಳಬಾರದು.

ತಾಂಡ್ಯದ ಪಕ್ಕದ ಇಮ್ಮಾವಿನಲ್ಲಿ ಚಿತ್ರನಗರಿ ಆಗುತ್ತದೆಂದು ಸರ್ಕಾರಗಳು ವರ್ಷಗಳಿಂದ ಹೇಳುತ್ತಿವೆ. 2025ರ ಬಜೆಟ್ಟಿನಲ್ಲೂ 150 ಎಕರೆ, 500 ಕೋಟಿಯ ಮಾತು ಬಂತು. ಮೈಸೂರಿಗೆ ಸ್ಟುಡಿಯೋ ಹೊಸದಲ್ಲ. ‘ನಂಜುಂಡಿ ಕಲ್ಯಾಣ’ ಬಂದ ಅದೇ 1989ರ ಫೆಬ್ರುವರಿಯಲ್ಲಿ ಪ್ರೀಮಿಯರ್ ಸ್ಟುಡಿಯೋದಲ್ಲಿ ‘ಟಿಪ್ಪು ಸುಲ್ತಾನ್’ ಧಾರಾವಾಹಿಯ ಚಿತ್ರೀಕರಣದ ವೇಳೆ ಬೆಂಕಿ ಬಿದ್ದು 62 ಜನ ಸತ್ತರು. 2016ರಲ್ಲಿ ತಿಪ್ಪಗೊಂಡನಹಳ್ಳಿ ಜಲಾಶಯಕ್ಕೆ ಚಿತ್ರೀಕರಣಕ್ಕೆಂದು ಹೆಲಿಕಾಪ್ಟರಿನಿಂದ ಜಿಗಿದ ಇಬ್ಬರು ಖಳನಟರು ಮೇಲೆ ಬರಲಿಲ್ಲ. ಸಾಹಸ ಅಂದರೆ ಹುಂಬತನ ಎಂದುಕೊಂಡ ಉದ್ಯಮದ ಲೆಕ್ಕಗಳಿವು. ಇಮ್ಮಾವಿನಲ್ಲಿ ಮಹಡಿಗಟ್ಟಲೆ ಸ್ಟುಡಿಯೋ ಕಟ್ಟಲಿ, ಬೇಡ ಅನ್ನುವುದಿಲ್ಲ. ಜೊತೆಗೆ ಒಂದು ಗರಡಿ, ಒಬ್ಬ ಕಂಸಾಳೆ ಗುರು, ಒಬ್ಬ ಕುಸ್ತಿ ಉಸ್ತಾದ್, ಬೀಳುವುದನ್ನು ಕಲಿಸುವ ಮೆತ್ತನೆಯ ನೆಲ, ಹುಡುಗಿಯರಿಗೂ ಬಾಗಿಲು ತೆರೆದ ಒಂದು ತರಗತಿ ಬೇಕು. ಎಕರೆಗಳ ಲೆಕ್ಕ ಬಜೆಟ್ಟಿನಲ್ಲಿ ಓದಿದ್ದಾಯಿತು, ಗರಡಿಗೆ ಎಷ್ಟು ಗುಂಟೆ ಅನ್ನುವುದನ್ನು ಯಾರಾದರೂ ಶಾಸಕರು ಕೇಳಬಹುದು.